ಎತ್ತಬೇಡ ಮನೆತನ

ಪ್ರತಿಯೊಬ್ಬ ಮನುಷ್ಯನಿಗೂ ಒಂದು ಮೊದಲ ಹೆಸರು, ಒಂದು ಕೊನೆಯ ಹೆಸರು ಇದ್ದೇ ಇರುತ್ತೆ ಅಂತ ವಿಸಿಎಫ್ ಫೈಲು, ಅಂದರೆ ಫೋನಿನ ಹೆಸರು-ನಂಬರುಗಳನ್ನು ಒಂದು ಕಡೆಯಿಂದ ಇನ್ನೊಂದು ಕಡೆಗೆ ಸಾಗಿಸೋ ಫೈಲು, ಗಟ್ಟಿಯಾಗಿ ನಂಬಿದೆ. ನಮ್ಮ ಫೋನುಗಳಲ್ಲಿ ಯಾರ ಹೆಸರು ಹಾಗಿರುತ್ತೆ ಹೇಳಿ? ನನ್ನದರಲ್ಲಿ ಇರೋದು "ಪ್ಲಂಬರ್ ಹೊಸಬ", "ಪ್ಲಂಬರ್ ಹಳಬ", "ಅತ್ತಿಗೆ".

ಹೆಸರನ್ನು ಉಳಿಸುವಾಗ ಫೋನು ಗುಟ್ಟಾಗಿ ಒಂದು ಕೆಲಸ ಮಾಡುತ್ತೆ. ಮೊದಲ ಪದ ಹೆಸರು, ಕೊನೆಯ ಪದ ಮನೆತನ, ನಡುವಿನದ್ದು ಮಧ್ಯದ ಹೆಸರು ಅಂತ ಹಂಚಿಬಿಡುತ್ತೆ. ವಿಸಿಎಫ್‌ನಲ್ಲಂತೂ ಮನೆತನವೇ ಮೊದಲು, ಆಮೇಲೆ ಸೆಮಿಕೋಲನ್, ಆಮೇಲೆ ಹೆಸರು. ಹೊಸ ಫೋನಿಗೆ ಆ ಫೈಲು ಹಾಕಿದೆ. ಅದು ಎಲ್ಲರನ್ನೂ ಮನೆತನದ ಪ್ರಕಾರ ಸಾಲಾಗಿ ಕೂರಿಸಿತು. "ಲೋನ್ ಎತ್ತಬೇಡ", "ಇನ್ಶೂರೆನ್ಸ್ ಎತ್ತಬೇಡ", "ಕ್ರೆಡಿಟ್ ಕಾರ್ಡ್ ಎತ್ತಬೇಡ" ಮೂವರೂ ಒಂದೇ ಕಡೆ. ಪ್ರತಿಷ್ಠಿತ ಎತ್ತಬೇಡ ಮನೆತನ! ಕ್ರೆಡಿಟ್ ಅವರಿಗೆ ಕಾರ್ಡ್ ಅಂತ ಮಧ್ಯದ ಹೆಸರು ಬೇರೆ. ಇತ್ತ ನಲ್ಲಿ ಸೋರುತ್ತಿದೆ, ಪ್ಲಂಬರ್ ಸಿಗುತ್ತಿಲ್ಲ. ಆತ "ಹೊಸಬ ಪ್ಲಂಬರ್" ಆಗಿ ಹ ಅಕ್ಷರದಲ್ಲಿ ತಣ್ಣಗೆ ಕೂತಿದ್ದ.

ಕನ್ನಡದಲ್ಲಿ ಬರೆದಿಟ್ಟವರ ಕಥೆ ಇನ್ನೂ ಚೆಂದ. ವಿಸಿಎಫ್‌ನೊಳಗೆ ಒಬ್ಬೊಬ್ಬರಿಗೂ ಒಂದೊಂದು ಕಾರ್ಡು. ಈ ಕಾರ್ಡುಗಳ ಬರವಣಿಗೆಯ ಪದ್ಧತಿಯಲ್ಲಿ ಮೂರು ತಲೆಮಾರು: 1996ರ 2.1, 1998ರ 3.0, 2011ರ 4.0. ನನ್ನ ಹಳೆ ಫೋನು ನಿಷ್ಠೆಯಿಂದ 2.1ರಲ್ಲೇ ಬರೆದುಕೊಟ್ಟಿತ್ತು. ಅದರಲ್ಲಿ ಇಂಗ್ಲಿಷ್ ಅಲ್ಲದ ಅಕ್ಷರಗಳೆಲ್ಲ ಸಮ ಚಿಹ್ನೆ ಹಾಕಿದ ಸಂಕೇತಗಳಾಗುತ್ತವೆ. ಕನ್ನಡದ ಒಂದೊಂದು ತುಣುಕಿಗೆ ಮೂರು ಬೈಟು, ಒಂದೊಂದು ಬೈಟಿಗೆ ಮೂರು ಚಿಹ್ನೆ. "ಅತ್ತಿಗೆ"ಯಲ್ಲಿ ಒತ್ತು, ಗುಣಿತ ಎಲ್ಲ ಬಿಡಿಸಿದರೆ ಏಳು ತುಣುಕು. ಅಂದರೆ 63 ಚಿಹ್ನೆ! ಅದನ್ನು ಓದಲು ಬಾರದ ತಂತ್ರಾಂಶದ ಕೈಗೆ ಸಿಕ್ಕರೆ, ಅತ್ತಿಗೆ ಫೋನ್ ಮಾಡಿದಾಗ ಪರದೆ ತುಂಬ ಸಮ ಚಿಹ್ನೆಗಳ ಮೆರವಣಿಗೆ.

ಕಂಪ್ಯೂಟರಿನ ಮೇಲ್ ತಂತ್ರಾಂಶ ಮಾತ್ರ ತನಗೆ ವಿಸಿಎಫ್ ಬೇಡ, ಅಲ್ಪವಿರಾಮ ಹಾಕಿ ಸಾಲುಸಾಲಾಗಿ ಬರೆದ ಪಟ್ಟಿ, ಅಂದರೆ ಸಿಎಸ್‌ವಿಯೇ ಬೇಕು ಅಂತ ಹಟ ಹಿಡಿಯಿತು. ಸರಿ, ಪರಿವರ್ತಿಸಿ, ಸುಮ್ನೆ ಒಮ್ಮೆ ನೋಡೋಣ ಅಂತ ಸ್ಪ್ರೆಡ್‌ಶೀಟಿನಲ್ಲಿ ತೆರೆದೆ. ಸ್ಪ್ರೆಡ್‌ಶೀಟಿಗೆ ಅಂಕಿ ಕಂಡರೆ ಸಾಕು, ಲೆಕ್ಕದ ಹುಚ್ಚು. ಫೋನ್ ನಂಬರನ್ನು ಯಾರೂ ಕೂಡಿಸಿ ಕಳೆಯಲ್ಲ ಅನ್ನೋದು ಅದಕ್ಕೆ ಗೊತ್ತಿಲ್ಲ. ಮುಂದಿದ್ದ ಪ್ಲಸ್ ಹೋಯಿತು, ಸೊನ್ನೆಗಳು ಹೋದವು. ದೇಶದ ಕೋಡ್ ಸೇರಿ 12 ಅಂಕಿ ಇದ್ದದ್ದು "9.2ಇ+11" ಅನ್ನೋ ಸಂಕ್ಷಿಪ್ತ ರೂಪ ಆಯಿತು. ಅದು ಬರೀ ತೋರಿಕೆ, ಒಳಗೆ ನಂಬರ್ ಹಾಗೇ ಇರುತ್ತೆ. ಆದರೆ ಮತ್ತೆ ಸಿಎಸ್‌ವಿಯಾಗಿ ಸೇವ್ ಆಯಿತೋ, ತೋರಿಕೆಯೇ ಗಟ್ಟಿ. ಆ ಕಾಲಂ ಅನ್ನು ತೆರೆಯುವಾಗಲೇ "ಪಠ್ಯ" ಅಂತ ಗುರುತಿಸಿದರೆ ಈ ಗೋಳಿಲ್ಲ.

ಆಮೇಲೆ ನಕಲಿಗಳನ್ನು ಹುಡುಕುವ ಸೌಲಭ್ಯ ಎದ್ದು ಬಂತು. ನಾನು ಸೇವ್ ಮಾಡಿಬಿಟ್ಟಿದ್ದೆ, ಹಾಗಾಗಿ ಈಗ ನೂರಾರು ಜನರದ್ದು ಒಂದೇ ನಂಬರ್ ಅಲ್ವಾ? "ಇವರೆಲ್ಲ ಒಬ್ಬರೇ ಇರಬಹುದು, ವಿಲೀನಗೊಳಿಸಲೇ?" ಅಂತ ಕೇಳಿತು. ಬಾಸ್, ಪ್ಲಂಬರ್, ಚಿಕ್ಕಪ್ಪ, ದಂತವೈದ್ಯ ಎಲ್ಲ ಒಂದೇ ಜೀವ. ಅದ್ವೈತವನ್ನು ಇಷ್ಟು ಸರಳವಾಗಿ ಯಾರೂ ಹೇಳಿಕೊಟ್ಟಿರಲಿಲ್ಲ.

ಹುಟ್ಟುಹಬ್ಬಗಳದ್ದು ಸಣ್ಣ ತಕರಾರು. ವರ್ಷ ಬರೆಯದೆ ಬಿಟ್ಟರೆ ಕೆಲವು ಫೋನುಗಳು 1604 ಅಂತ ತುಂಬಿ, "ವರ್ಷ ಲೆಕ್ಕಕ್ಕಿಲ್ಲ" ಎಂದು ಪಕ್ಕದಲ್ಲಿ ತಮ್ಮದೇ ಭಾಷೆಯಲ್ಲಿ ಗುರುತು ಹಾಕುತ್ತವೆ. ಬೇರೆಯವರಿಗೆ ಆ ಗುರುತು ಅರ್ಥವಾಗಲ್ಲ. ನನ್ನ ತಂಗಿ ಮಗನಿಗೆ ನಾನೂರು ದಾಟಿದೆ. ಇನ್ನೂ ಹೋಮ್‌ವರ್ಕ್ ಮಾಡಲ್ಲ.

ಹಳೆಯ ವಿಸಿಎಫ್ ಇಟ್ಟುಕೊಂಡಿದ್ದರಿಂದ ಜಾಸ್ತಿ ಜನ ವಾಪಸು ಬಂದರು. ಸಮ ಚಿಹ್ನೆಯವರು ಮಾತ್ರ ಬಾಕಿ. ಅವರಲ್ಲಿ ನೆಂಟರೇ ಹೆಚ್ಚು. ಅತ್ತಿಗೆಗೆ ಹೇಳಿದೆ, ನೆಂಟರ ನಂಬರ್ ಕಳಿಸಿ ಅಂತ.

"ಆರಿಸೋಕೆಲ್ಲ ನಂಗೆ ಬರಲ್ಲಪ್ಪ. ಪೂರ್ತಿ ಫೈಲೇ ಕಳಿಸ್ತೀನಿ, ನಿಂಗೆ ಬೇಕಾದ್ದು ತಗೋ" ಅಂದರು.

ಕಳಿಸಿದರು. 3.0, ಶುದ್ಧ ಕನ್ನಡ, ಒಂದಕ್ಷರವೂ ಕೆಟ್ಟಿಲ್ಲ. ತೆರೆದು ನನ್ನ ನಂಬರ್ ಹುಡುಕಿದೆ. ಮೊದಲ ಹೆಸರು: ಮೈದುನ. ಮನೆತನ: ಎತ್ತಬೇಡ.