ಎಣ್ಣೆಗೈಯಲ್ಲಿ ರೀಲ್ಸ್ ನೋಡೋಕಾಗಲ್ಲ

ಮೊನ್ನೆ ಬೆಂಗಳೂರಿನಿಂದ ಅಕ್ಕನ ಮಗ ದಾವಣಗೆರೆಗೆ ಬಂದಿದ್ದ. ಬೆಣ್ಣೆ ದೋಸೆ ತಿನ್ನಿಸೋಣ ಅಂತ ಕರೆದುಕೊಂಡು ಹೋದೆ. ದೋಸೆ ಬಂತು. ಅವನು ಕೈ ಹಾಕಲಿಲ್ಲ. "ಮಾಮ, ತಡೀರಿ, ಬೆಣ್ಣೆ ಕರಗೋದು ತೆಗೀಬೇಕು" ಎಂದು ಫೋನ್ ಹಿಡಿದ. ಮೊದಲ ಸಲ ಸರಿ ಬರಲಿಲ್ಲವಂತೆ. ಎದ್ದು ಹೋಗಿ ಇನ್ನೊಂದು ಮುದ್ದೆ ಬೆಣ್ಣೆ ಹಾಕಿಸಿಕೊಂಡು ಬಂದ. ಅಷ್ಟೊತ್ತಿಗೆ ಸೌದೆ ಒಲೆಯ ಆ ಗರಿಗರಿ ದೋಸೆ ಮೆತ್ತಗಾಗಿತ್ತು.

ನನಗೊಂದು ಅನುಮಾನ. ಈ ವಿಡಿಯೊಗಳು ಬಂದ ಮೇಲೆ ನಮ್ಮೂರ ದೋಸೆಯ ಬೆಣ್ಣೆ ಮುದ್ದೆ ವರ್ಷ ವರ್ಷ ದಪ್ಪ ಆಗುತ್ತಿದೆ. ಕ್ಯಾಮೆರಾಗೆ ರುಚಿ ಗೊತ್ತಾಗಲ್ಲ, ಮುದ್ದೆ ಕಾಣುತ್ತದೆ, ಅಷ್ಟೇ. 2020ರ ಜೂನ್ ಕೊನೆಗೆ ಟಿಕ್‌ಟಾಕ್ ನಿಂತಿತು, ಜುಲೈನಲ್ಲೇ ಇನ್‌ಸ್ಟಾಗ್ರಾಂ ರೀಲ್ಸ್ ಬಂತು. ಆಮೇಲೆ ಊರೂರ ತಿಂಡಿಯೂ ಅರ್ಧ ನಿಮಿಷದ್ದಾಯಿತು. ಹೋಟೆಲಿನವರನ್ನು ಬೈಯುವ ಹಾಗೂ ಇಲ್ಲ, ವಿಡಿಯೊ ನೋಡಿ ಹೈವೇ ಬಿಟ್ಟು ಊರೊಳಗೆ ಬರುವ ಕಾರುಗಳಿವೆಯಲ್ಲ.

ಆದರೆ ಖಾರ ಮಂಡಕ್ಕಿ ಈ ಆಟಕ್ಕೆ ಸಿಕ್ಕಿಲ್ಲ. ಭಟ್ಟಿಯಲ್ಲಿ ಕಾದ ಮರಳಿಗೆ ಅಕ್ಕಿ ಬಿದ್ದು ಅರಳುವುದನ್ನು ಬೇಕಾದರೆ ವಿಡಿಯೊ ಮಾಡಬಹುದು. ತಿನ್ನುವುದನ್ನು? ಪೇಪರ್ ಹಾಸಿ ಸುರಿದ ಮಂಡಕ್ಕಿ, ಹೆಚ್ಚಿದ ಈರುಳ್ಳಿ, ಪಕ್ಕದಲ್ಲಿ ಬಿಸಿ ಬಿಸಿ ಮೆಣಸಿನಕಾಯಿ ಬಜ್ಜಿ. ನೋಡೋಕೆ ಅಂಥ ಚೆಂದ ಏನಿಲ್ಲ. ನಾಲ್ಕೈದು ಜನ ಸುತ್ತ ಕೂತು ಕೈ ಹಾಕಬೇಕು. ಕೈಯೆಲ್ಲ ಎಣ್ಣೆ, ಖಾರ. ಆ ಕೈಯಲ್ಲಿ ಸ್ಕ್ರೀನ್ ಮುಟ್ಟೋಕಾಗಲ್ಲ. ಮಾತಾಡದೆ ಬೇರೆ ದಾರಿ ಇಲ್ಲ.

ನಮ್ಮ ತಾತ ಕಾಟನ್ ಮಿಲ್ಲಿನಲ್ಲಿದ್ದರು. ಈ ಊರನ್ನು ಕರ್ನಾಟಕದ ಮ್ಯಾಂಚೆಸ್ಟರ್ ಎನ್ನುತ್ತಿದ್ದ ಕಾಲ. ಶಿಫ್ಟ್ ಮುಗಿಸಿ ಬರುವಾಗ ಮಂಡಕ್ಕಿ ಪೊಟ್ಟಣ ತರುತ್ತಿದ್ದರು. ಮಿಲ್ಲಿನ ಜಗಳ, ದುಗ್ಗಮ್ಮನ ಜಾತ್ರೆಯ ಖರ್ಚು, ಯಾರ ಮಗಳಿಗೆ ಗಂಡು ಗೊತ್ತಾಯಿತು, ಎಲ್ಲ ಆ ಪೇಪರಿನ ಸುತ್ತಲೇ. ಈಗ 'ಭಾರತೀಯ ಜೀವನಶೈಲಿ' ಅಂತ ಫೋನಿನಲ್ಲಿ ಬರುತ್ತದಲ್ಲ, ತಾಮ್ರದ ಚೊಂಬು, ಎಳೆ ಬಿಸಿಲು, ಹಿಂದೆ ಕೊಳಲು. ಅದರಲ್ಲಿ ನಮ್ಮ ಮನೆಯನ್ನು ಎಷ್ಟು ಹುಡುಕಿದರೂ ಕಾಣುವುದಿಲ್ಲ. ನಮ್ಮದು ಸ್ಟೀಲ್ ಚೊಂಬು, ಅದೂ ನೆಗ್ಗಿದೆ. ಹಾಗಂತ ನಾನೇನು ಸಾಚಾ ಅಲ್ಲ, ರಾತ್ರಿ ಹನ್ನೆರಡರವರೆಗೆ ಅವನ್ನೇ ನೋಡುತ್ತಾ ಮಲಗುತ್ತೇನೆ.

ಅವತ್ತು ಸಂಜೆ ಹುಡುಗನನ್ನು ಮಂಡಕ್ಕಿ ಮುಂದೆ ಕೂರಿಸಿದೆ. ಎರಡನೇ ಮೆಣಸಿನಕಾಯಿಗೆ ಅವನ ಫೋನ್ ಹೊಡೆದುಕೊಳ್ಳತೊಡಗಿತು. ಎರಡೂ ಕೈ ನೋಡಿಕೊಂಡ. "ಮಾಮ, ಸ್ವಲ್ಪ ನೀವೇ ಎತ್ತಿ ಕಿವಿಗೆ ಹಿಡೀರಿ" ಎಂದ. ನನ್ನ ಕೈಯೂ ಹಾಗೇ ಇತ್ತು.

"ನಿಮ್ಮಮ್ಮಂದೇ ಇರುತ್ತೆ ಬಿಡು, ಆಮೇಲೆ ಮಾಡಿದರಾಯ್ತು" ಎಂದೆ. ಮೂರನೇ ಮೆಣಸಿನಕಾಯಿಗೆ ಕೈ ಹಾಕಿದ.