ಟವರ್‌ನಿಂದ ಹಾರಿದರೆ ಅಪಾಯ ಕಡಿಮೆ ಅನ್ನುವುದು ಸುಳ್ಳು

ಮಾಟುಂಗಾ, ಡೊಂಬಿವಲಿ ಕಡೆಯ ನಮ್ಮ ಕನ್ನಡ ವಾಟ್ಸಾಪ್ ಗುಂಪುಗಳಲ್ಲಿ ಒಂದು ವಿಡಿಯೋ ಓಡಾಡುತ್ತಿದೆ. ಯಾರೋ ಎತ್ತರದ ಕಟ್ಟಡದಿಂದ ಪ್ಯಾರಾಚೂಟ್ ಕಟ್ಟಿಕೊಂಡು ಹಾರುತ್ತಾರೆ. ಜೊತೆಗೆ ಒಂದು ಬರಹ: 'ವಿಮಾನದಿಂದ ಹಾರುವುದಕ್ಕಿಂತ ಇದು ಸೇಫ್, ಎತ್ತರ ಕಡಿಮೆ ಅಲ್ವಾ? ಲೋವರ್ ಪರೇಲ್ ಟವರ್‌ಗಳಿಂದಲೂ ಹಾರಬಹುದು.'

ದಯವಿಟ್ಟು ನಂಬಬೇಡಿ. ವಿಷಯ ತದ್ವಿರುದ್ಧ.

ಹೀಗೆ ಕಟ್ಟಡ, ಸೇತುವೆಗಳಂಥ ಸ್ಥಿರ ಜಾಗದಿಂದ ಹಾರುವುದಕ್ಕೆ ಬೇಸ್ ಜಂಪಿಂಗ್ ಅನ್ನುತ್ತಾರೆ. ಇದರಲ್ಲಿ ಎತ್ತರ ಕಡಿಮೆಯಾದಷ್ಟೂ ಅಪಾಯ ಜಾಸ್ತಿ. 100 ಮೀಟರ್ ಮೇಲಿಂದ ಬಿದ್ದವನು ಸುಮಾರು 5 ಸೆಕೆಂಡಿನಲ್ಲಿ ನೆಲ ಮುಟ್ಟುತ್ತಾನೆ, ಪ್ಯಾರಾಚೂಟ್ ಬಿಚ್ಚಿಕೊಳ್ಳುವುದು, ತಿರುಗಿಸುವುದು, ಇಳಿಯುವ ಜಾಗ ನೋಡುವುದು ಎಲ್ಲ ಅಷ್ಟರೊಳಗೇ ಶುರುವಾಗಿರಬೇಕು. ಸ್ಕೈಡೈವಿಂಗ್‌ನಲ್ಲಿ, ಅಂದರೆ ವಿಮಾನದಿಂದ ಹಾರುವಾಗ, ಬೆನ್ನಿಗೆ ಎರಡು ಪ್ಯಾರಾಚೂಟ್ ಇರುತ್ತವೆ. ಇಲ್ಲಿ ಸಾಮಾನ್ಯವಾಗಿ ಒಂದೇ, ಏಕೆಂದರೆ ಎರಡನೆಯದನ್ನು ಬಿಚ್ಚಲು ಸಮಯವೇ ಇರುವುದಿಲ್ಲ. ಹಾರುವವನು ಚಿಕ್ಕ ಪೈಲಟ್ ಚೂಟನ್ನು ಎಷ್ಟೋ ಸಲ ಕೈಯಲ್ಲೇ ಹಿಡಿದು ಅಂಚಿನಲ್ಲಿ ನಿಂತಿರುತ್ತಾನೆ. ಅದನ್ನು ಗಾಳಿಗೆ ಎಸೆದರೆ ದೊಡ್ಡದು ಹೊರಗೆ ಬರುತ್ತದೆ. ಬಂದದ್ದು ಹಿಂದಕ್ಕೆ ತಿರುಗಿ ತೆರೆದುಕೊಂಡರೆ ಸಾಕು, ಮುಖ ನೇರ ಗೋಡೆಯ ಕಡೆಗೆ. ಆಕಾಶದಲ್ಲಿ ಹೀಗಾದರೆ ಏನೂ ಆಗುವುದಿಲ್ಲ, ಗೋಡೆ ಇರುವುದಿಲ್ಲವಲ್ಲ.

'ಪ್ಯಾರಾಚೂಟ್ ತಾನಾಗಿಯೇ ತೆರೆಯುತ್ತೆ' ಅಂತಲೂ ಹೇಳುತ್ತಿದ್ದಾರೆ. ಸ್ಕೈಡೈವಿಂಗ್‌ನಲ್ಲಿ ಅಂಥ ಯಂತ್ರವಿದೆ ನಿಜ, ಆದರೆ ಅದು ಸಾಮಾನ್ಯವಾಗಿ ಸುಮಾರು 225 ಮೀಟರ್ ಎತ್ತರದಲ್ಲಿ ಕೆಲಸ ಮಾಡುವುದು. ಮುಂಬೈಯ ಬಹುತೇಕ ಕಟ್ಟಡಗಳು ಅದಕ್ಕಿಂತ ತಗ್ಗು.

ಈ ಹಾದಿಗೆ ಬರುವವರಿಗೆ ಅನುಭವಿಗಳು ಹೇಳುವುದು ಮೊದಲು ಸುಮಾರು 200 ಸ್ಕೈಡೈವ್ ಮಾಡಿ ಅಂತ. ಆಮೇಲೆ ಕಟ್ಟಡವಲ್ಲ, ಸೇತುವೆ. ಅಮೆರಿಕದ ಐಡಹೋದ ಪೆರಿನ್ ಸೇತುವೆಯಲ್ಲಿ ವರ್ಷವಿಡೀ ಹಾರಬಹುದು, ಕೆಳಗೆ ನದಿ, ಎದುರಿಗೆ ಗೋಡೆ ಇಲ್ಲ. ಆ ವಿಡಿಯೋ ನಿಮ್ಮ ಗುಂಪಿಗೂ ಬಂದಿದ್ದರೆ ಅದರ ಕೆಳಗೆ ಇದನ್ನು ಹಾಕಿ.