ಅಮಾನತು ಶಿಕ್ಷೆಯಲ್ಲ ಅಂತೀರಿ, ಮತ್ತೆ ಭತ್ಯೆ ಯಾಕೆ ತಡೆಯುತ್ತೀರಿ?

ಇಲಾಖಾ ವಿಚಾರಣೆ ಇರುವಾಗ ಸಸ್ಪೆಂಡ್ ಆದ ನೌಕರನಿಗೆ ಕಚೇರಿಯಲ್ಲಿ ಸಿಗುವ ಮೊದಲ ಉತ್ತರ, "ಆರ್ಡರ್‌ನಲ್ಲಿ ಭತ್ಯೆ ಕೊಡಿ ಅಂತ ಬರೆದಿಲ್ಲ, ಬಿಲ್ ಮಾಡೋಕಾಗಲ್ಲ." ಬರೆದಿಲ್ಲದಿದ್ದರೆ ಬರೆಯಬೇಕಾದವರು ಅಮಾನತು ಮಾಡಿದ ಪ್ರಾಧಿಕಾರದವರು. ಅಮಾನತಿನ ಅವಧಿಯಲ್ಲಿ ಸಂಬಳದ ಬದಲು ಸಿಗುವ ಈ ಜೀವನಾಧಾರ ಭತ್ಯೆ ಯಾರೋ ದಯಪಾಲಿಸುವ ದಾನವಲ್ಲ. ಅಮಾನತಿನಲ್ಲಿದ್ದರೂ ಅವನು ಸರ್ಕಾರಿ ನೌಕರನೇ.

ಲೆಕ್ಕಕ್ಕೆ ಬರೋಣ. ಕೇಂದ್ರ ನೌಕರರಿಗೆ ಮೂಲಭೂತ ನಿಯಮ 53, ನಮ್ಮ ಕರ್ನಾಟಕದವರಿಗೆ ರಾಜ್ಯದ ನಾಗರಿಕ ಸೇವಾ ನಿಯಮಾವಳಿ, ಅಂದರೆ ಕೆಸಿಎಸ್‌ಆರ್ ನಿಯಮ 98. ಇಲ್ಲಿ ಕೊಡುವ ಅಂಕಿಗಳು ಕೇಂದ್ರದವು. ರಾಜ್ಯದವರು ತಮ್ಮ ನಿಯಮದಲ್ಲಿರುವ ಅವಧಿ, ಪ್ರಮಾಣಗಳನ್ನೇ ಹಿಡಿಯಬೇಕು. ಮೂಲ ವೇತನ 50,000 ರೂ. ಇದ್ದರೆ ಅರ್ಧ ವೇತನ ರಜೆಯ ಸಂಬಳ, ಅಂದರೆ 25,000 ರೂ., ಮತ್ತು ಅದರ ಮೇಲಿನ ತುಟ್ಟಿಭತ್ಯೆ. ಮನೆ ಬಾಡಿಗೆ ಭತ್ಯೆಯನ್ನು ಮಾತ್ರ ಅಮಾನತಾದ ದಿನದ ಪೂರ್ಣ ವೇತನದ ಮೇಲೆ ಲೆಕ್ಕ ಹಾಕಬೇಕು. ಇದನ್ನೂ ಅರ್ಧ ಮಾಡಿ ಬಿಲ್ ಕಳಿಸುವವರಿದ್ದಾರೆ, ಚೆಕ್ ಮಾಡಿಕೊಳ್ಳಿ.

ಮೂರು ತಿಂಗಳು ದಾಟಿದ ಮೇಲೆ ಭತ್ಯೆಯನ್ನು ಶೇ. 50ರವರೆಗೆ ಹೆಚ್ಚಿಸಬಹುದು. ಹೆಚ್ಚುವುದು ಭತ್ಯೆಯ ಅರ್ಧ, ವೇತನದ ಅರ್ಧವಲ್ಲ. ಹಾಗಾಗಿ ಗರಿಷ್ಠ 37,500 ರೂ. ವಿಳಂಬಕ್ಕೆ ನೌಕರನೇ ನೇರ ಕಾರಣ ಅಂತ ಪ್ರಾಧಿಕಾರ ಲಿಖಿತ ಕಾರಣ ಕೊಟ್ಟರೆ 12,500ಕ್ಕೂ ಇಳಿಯಬಹುದು. ಎರಡೂ ತಾನಾಗಿ ಆಗುವುದಿಲ್ಲ, ಆದೇಶ ಬೇಕು. ಆದ್ದರಿಂದ ವಿಚಾರಣೆಯ ದಿನವಹಿಯಲ್ಲಿ ಮುಂದೂಡಿಕೆ ಕೇಳಿದವರು ಯಾರು ಅನ್ನುವುದು ದುಡ್ಡಿನ ಪ್ರಶ್ನೆ. ಇಲಾಖೆಯ ಪರ ವಾದ ಮಂಡಿಸುವ ಮಂಡನಾಧಿಕಾರಿ ಗೈರಾಗಿ ವಾಯಿದೆ ಬಿದ್ದರೆ ಅದನ್ನು ಹಾಗೆಯೇ ಬರೆಸಿ, ಪ್ರತಿ ತೆಗೆದುಕೊಳ್ಳಿ.

ನೌಕರ ಕೊಡಬೇಕಾದದ್ದು ಒಂದೇ ಕಾಗದ: ಬೇರೆ ಉದ್ಯೋಗ, ವ್ಯಾಪಾರ, ವೃತ್ತಿ ಮಾಡುತ್ತಿಲ್ಲ ಎಂಬ ಪ್ರಮಾಣಪತ್ರ. ತಿಂಗಳು ತಿಂಗಳೂ ಕೊಟ್ಟು ಸ್ವೀಕೃತಿ ಪಡೆಯಿರಿ, ಅಂಚೆಯಲ್ಲಾದರೆ ರಿಜಿಸ್ಟರ್ಡ್. "ದಿನಾ ಬಂದು ಹಾಜರಿ ಹಾಕಿದರೆ ಮಾತ್ರ ಭತ್ಯೆ" ಅನ್ನುವ ಷರತ್ತು ನಿಯಮ 53ರಲ್ಲಿ ಎಲ್ಲೂ ಇಲ್ಲ. ಕೇಂದ್ರಸ್ಥಾನ (ಅಮಾನತಿನಲ್ಲಿ ಇರಬೇಕೆಂದು ಗೊತ್ತುಮಾಡಿದ ಊರು) ಬಿಡಲು ಅನುಮತಿ ಬೇಕು ಅನ್ನುವುದು ಬೇರೆ ಮಾತು, ಎರಡನ್ನೂ ಬೆರೆಸಬೇಡಿ.

ಕಡಿತಗಳಲ್ಲೂ ಎಡವಟ್ಟು ನಡೆಯುತ್ತದೆ. ಆದಾಯ ತೆರಿಗೆ, ವಸತಿಗೃಹದ ಬಾಡಿಗೆ, ಸರ್ಕಾರದಿಂದ ಪಡೆದ ಸಾಲದ ಕಂತು ಕಡಿಯಬಹುದು. ಎಲ್‌ಐಸಿ ಪ್ರೀಮಿಯಂ, ಸಹಕಾರ ಸಂಘದ ಬಾಕಿ ಇವಕ್ಕೆ ನಿಮ್ಮ ಲಿಖಿತ ಒಪ್ಪಿಗೆ ಬೇಕು. ಭವಿಷ್ಯ ನಿಧಿಯ (ಜಿಪಿಎಫ್) ವಂತಿಗೆ, ಕೋರ್ಟ್ ಜಪ್ತಿ, ಸರ್ಕಾರಕ್ಕಾದ ನಷ್ಟದ ವಸೂಲಿ ಈ ಭತ್ಯೆಯಿಂದ ಆಗಕೂಡದು.

ಭತ್ಯೆ ಕೊಡದೆ ವಿಚಾರಣೆ ಮುಗಿಸಿದರೆ ಏನಾಗುತ್ತದೆ? ಕೆಜಿಎಫ್‌ನ ಭಾರತ್ ಗೋಲ್ಡ್ ಮೈನ್ಸ್ ಪ್ರಕರಣ ನೋಡಿ. ಭದ್ರತಾ ಅಧಿಕಾರಿ ಎಂ. ಪೌಲ್ ಆಂಟನಿ ಮನೆಯಲ್ಲಿ 4.5 ಗ್ರಾಂ ಚಿನ್ನದ ಉಂಡೆ, 1,276 ಗ್ರಾಂ ಚಿನ್ನಮಿಶ್ರಿತ ಮರಳು ಸಿಕ್ಕಿತೆಂದು 1985ರಲ್ಲಿ ಅಮಾನತಾಯಿತು. ಭತ್ಯೆ ಕೊಡಲಿಲ್ಲ. ಕೇರಳದ ಊರಿನಿಂದ ವಿಚಾರಣೆಗೆ ಬರಲು ಅವರಿಗೆ ಆಗಲಿಲ್ಲ. ಏಕಪಕ್ಷೀಯವಾಗಿ ವಿಚಾರಣೆ ನಡೆಸಿ 1986ರಲ್ಲಿ ವಜಾ ಮಾಡಿದರು. ಅದೇ ದಾಳಿಯ ಕ್ರಿಮಿನಲ್ ಕೇಸಿನಲ್ಲಿ 1987ರಲ್ಲಿ ಖುಲಾಸೆಯಾಯಿತು. 1999ರಲ್ಲಿ ಸುಪ್ರೀಂ ಕೋರ್ಟ್ ಆ ವಿಚಾರಣೆಯನ್ನೇ ಒಪ್ಪಲಿಲ್ಲ. ಕೆಲವು ಸಾವಿರ ಉಳಿಸಲು ಹೋಗಿ ಇಡೀ ಕಡತ ಕೆಡಿಸಿಕೊಳ್ಳುವ ಈ ಜಾಣತನ ನನಗಂತೂ ಅರ್ಥವಾಗಿಲ್ಲ. ಆದರೆ ಇದು ಮಂತ್ರವಲ್ಲ: ದುಡ್ಡಿಲ್ಲದ್ದರಿಂದಲೇ ಹಾಜರಾಗಲು ಆಗಲಿಲ್ಲ, ಪ್ರತಿರಕ್ಷೆಗೆ ಪೆಟ್ಟು ಬಿತ್ತು ಅಂತ ತೋರಿಸಬೇಕು. ಅದಕ್ಕೇ ವಾಯಿದೆಗೆ ಮುಂಚೆಯೇ ವಿಚಾರಣಾಧಿಕಾರಿಗೆ ಬರೆದು ತಿಳಿಸಿ.

ಅಮಾನತು ತೆರವಾಗಿ ಮತ್ತೆ ಕೆಲಸಕ್ಕೆ ಸೇರಿಸಿಕೊಳ್ಳುವ ಆದೇಶ ಬಂದಾಗ "ಅಮಾನತು ಅವಧಿಯನ್ನು ನಂತರ ಇತ್ಯರ್ಥಪಡಿಸಲಾಗುವುದು" ಎಂಬ ಸಾಲಿದ್ದರೆ ಸುಮ್ಮನಿರಬೇಡಿ, ಬೆನ್ನುಹತ್ತಿ. ಪೂರ್ಣ ವೇತನ ಕೊಡದಿದ್ದರೆ ಮೊದಲು ನೋಟಿಸ್ ಬರಬೇಕು. ವಜಾದಂಥ ದೊಡ್ಡ ದಂಡನೆಗೆ ಶುರುವಾದ ವಿಚಾರಣೆ ವಾಗ್ದಂಡನೆಯಂಥ ಸಣ್ಣ ದಂಡನೆಯಲ್ಲಿ ಮುಗಿದರೆ, 1985ರ ಡಿಸೆಂಬರ್ 3ರ ಕೇಂದ್ರ ಸುತ್ತೋಲೆಯಂತೆ ಅಮಾನತು ಪೂರ್ತಿ ಅಸಮರ್ಥನೀಯ. ಪೂರ್ಣ ಸಂಬಳ ಬರಬೇಕು. ಅವಧಿಯನ್ನು ಕರ್ತವ್ಯವೆಂದು ಪರಿಗಣಿಸದಿದ್ದರೆ, ಹಕ್ಕಿನಲ್ಲಿರುವ ರಜೆಗೆ ಪರಿವರ್ತಿಸಿ ಅಂತ ನೀವೇ ಅರ್ಜಿ ಹಾಕಬೇಕು. ವಿಚಾರಣೆ ಮುಗಿಯುವ ಮೊದಲೇ ನೌಕರ ತೀರಿಕೊಂಡರೆ, ಕೇಂದ್ರದ ಮೂಲಭೂತ ನಿಯಮ 54-ಬಿ ಪ್ರಕಾರ ಸಾವಿನ ದಿನದವರೆಗಿನ ಅಮಾನತು ಅವಧಿ ಕರ್ತವ್ಯವೇ. ಕೊಟ್ಟ ಭತ್ಯೆ ಕಳೆದು ಉಳಿದ ವೇತನ ಕುಟುಂಬಕ್ಕೆ ಸೇರಬೇಕು.